ಚಕ್ರಬಡ್ಡಿ ಮರಳಿ ಪಡೆದ ಬಗೆ

ನಮ್ಮ ಸಣ್ಣ ಕಾರ್ಖಾನೆಯ ಸಾಲ 2 ಕೋಟಿ ರೂಪಾಯಿ ಮೀರಿದ್ದರಿಂದ, 2020ರ ಮಾರ್ಚ್‌ನಿಂದ ಆಗಸ್ಟ್‌ವರೆಗಿನ ಕೋವಿಡ್ ಕಾಲದ ಸಾಲದ ಕಂತು ಮುಂದೂಡಿಕೆಯ ಅವಧಿಗೆ ಕೇಂದ್ರ ಸರ್ಕಾರ ಘೋಷಿಸಿದ್ದ ಚಕ್ರಬಡ್ಡಿ ಪರಿಹಾರ ನಮಗೆ ದಕ್ಕಿರಲಿಲ್ಲ. 2021ರ ಮಾರ್ಚ್ 23ರಂದು ಸುಪ್ರೀಂ ಕೋರ್ಟ್, ಸಾಲದ ಮೊತ್ತ ಎಷ್ಟೇ ಇರಲಿ, ಆ ಆರು ತಿಂಗಳಿಗೆ ಬಡ್ಡಿಯ ಮೇಲಿನ ಬಡ್ಡಿಯನ್ನಾಗಲಿ ದಂಡಬಡ್ಡಿಯನ್ನಾಗಲಿ ವಸೂಲು ಮಾಡಬಾರದು, ಮಾಡಿದ್ದರೆ ಮುಂದಿನ ಕಂತಿಗೆ ಹೊಂದಿಸಬೇಕು ಎಂದು ತೀರ್ಪಿತ್ತಿತು. ಆದರೂ ನಮ್ಮ ಬ್ಯಾಂಕ್ ಶಾಖೆಯಲ್ಲಿ ‘ಮೇಲಿನಿಂದ ಆದೇಶ ಬಂದಿಲ್ಲ’ ಎಂಬ ಉತ್ತರವೇ ಸಿಗುತ್ತಿತ್ತು. ಬಾಯಿಮಾತಿನಿಂದ ಕೆಲಸವಾಗದೆಂದು ನಿರ್ಧರಿಸಿ, ಖಾತೆಯ ವಿವರಪಟ್ಟಿ ತರಿಸಿ, ಸರಳ ಬಡ್ಡಿಗೂ ಅವರು ಹಾಕಿದ್ದ ಬಡ್ಡಿಗೂ ಇರುವ ವ್ಯತ್ಯಾಸವನ್ನು ತಿಂಗಳುವಾರು ಲೆಕ್ಕ ಹಾಕಿ, ತೀರ್ಪಿನಂತೆ ನಡೆಯಲು ಬ್ಯಾಂಕುಗಳಿಗೆ ಸೂಚಿಸಿದ್ದ ಏಪ್ರಿಲ್ 7ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರತಿಯೊಂದಿಗೆ ಲಿಖಿತ ಅರ್ಜಿ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಂಡೆ. ಮೂರನೆಯ ವಾರ ಹಣ ಸಾಲದ ಖಾತೆಗೆ ಜಮೆಯಾಯಿತು. ಮೂಲ ಬಡ್ಡಿಯೇನೂ ಮನ್ನಾ ಆಗಲಿಲ್ಲ. ಬಡ್ಡಿಯನ್ನೇ ಪೂರ್ತಿ ಮನ್ನಾ ಮಾಡಬೇಕೆಂಬ ಬೇಡಿಕೆಯನ್ನು ನ್ಯಾಯಾಲಯ ಒಪ್ಪಿರಲೂ ಇಲ್ಲ.