ಸ್ಕೂಟರ್ ಕೀಂ ಕೀಂ ಅಂದರೆ ಮೊದಲು ಎಣಿಸಿ

ಬ್ಯಾಟರಿ ಸ್ಕೂಟರ್ ಕೀಂ ಕೀಂ ಅಂತ ಕೂಗಿ ನಿಂತುಬಿಟ್ಟರೆ ಎಲ್ಲರೂ ಮಾಡುವ ಮೊದಲ ಕೆಲಸ ಕೀ ತಿರುಗಿಸಿ ಆಫ್ ಮಾಡುವುದು. ಗಾಬರಿಯಲ್ಲಿ ಕೈ ಅಲ್ಲಿಗೇ ಹೋಗುತ್ತದೆ. ಆಫ್ ಮಾಡಿದರೆ ಸದ್ದು ನಿಲ್ಲುತ್ತದೆ ನಿಜ, ಆದರೆ ಏನು ತೊಂದರೆ ಅನ್ನುವ ಸುಳಿವೂ ಅದರ ಜೊತೆಗೇ ಹೋಯಿತು. ರಸ್ತೆ ಮಧ್ಯ ಇಲ್ಲದಿದ್ದರೆ ಒಂದು ನಿಮಿಷ ಕೂಗಲಿ ಬಿಡಿ. ಎಷ್ಟು ಸಲ ಕೂಗುತ್ತಿದೆ ಅಂತ ಎಣಿಸಿ.

ನಾನು ಹೇಳುತ್ತಿರುವುದು ಪೆಟ್ರೋಲ್ ಬದಲು ಜನ ಕೊಳ್ಳುತ್ತಿರುವ ಇವಿ ಸ್ಕೂಟರ್ ವಿಷಯ ಅಲ್ಲ. ಮಂಡಿನೋವಿನವರು, ನಡೆಯಲು ಕಷ್ಟ ಇರುವವರು ಕೂತು ಓಡಿಸುತ್ತಾರಲ್ಲ, ಕುರ್ಚಿಯಂಥ ಸೀಟು, ಮೂರೋ ನಾಲ್ಕೋ ಪುಟ್ಟ ಚಕ್ರ, ಹ್ಯಾಂಡಲ್ ಹತ್ತಿರ ಬೆರಳಲ್ಲಿ ಒತ್ತುವ ಆಕ್ಸಿಲರೇಟರ್ ಲಿವರ್, ಆ ಮೊಬಿಲಿಟಿ ಸ್ಕೂಟರ್. ಮೈಸೂರಿನ ಕುವೆಂಪುನಗರದ ನಮ್ಮ ಮನೆಗೆ ಅದು ಬಂದು ಮೂರು ವರ್ಷ ದಾಟಿತು. ಅಣ್ಣ ಅಮೆರಿಕದಿಂದ ತಂದದ್ದು, ಓಡಿಸುವವರು ಅಪ್ಪ, ರಿಪೇರಿ ಖಾತೆ ನನ್ನದು.

ಎಣಿಸುವುದು ಹೇಗೆ ಅಂದರೆ, ಸದ್ದು ಗುಂಪು ಗುಂಪಾಗಿ ಬರುತ್ತದೆ. ಕೀಂ ಕೀಂ ಕೀಂ, ಒಂದು ಸಣ್ಣ ಬಿಡುವು, ಮತ್ತೆ ಕೀಂ ಕೀಂ ಕೀಂ. ಒಂದು ಬಿಡುವಿನಿಂದ ಇನ್ನೊಂದು ಬಿಡುವಿನ ತನಕ ಎಷ್ಟು ಅನ್ನುವುದೇ ಲೆಕ್ಕ. ಮೂರು ಸುತ್ತು ಕೇಳಿ ಖಚಿತ ಮಾಡಿಕೊಳ್ಳಿ. ನಮ್ಮಪ್ಪನಿಗೆ ಕಿವಿ ಸ್ವಲ್ಪ ಮಂದ. "ನಾಲ್ಕೋ ಐದೋ ಕೂಗ್ತು ಕಣೋ" ಅಂತ ಫೋನ್ ಮಾಡುತ್ತಿದ್ದರು. ಆ ನಾಲ್ಕಕ್ಕೂ ಐದಕ್ಕೂ ಮಧ್ಯ ಮೋಟಾರಿಗೂ ಬ್ರೇಕಿಗೂ ಇರುವಷ್ಟು ವ್ಯತ್ಯಾಸ ಇರಬಹುದು. ಈಗ ಅವರಿಗೆ ಮೊಬೈಲಲ್ಲಿ ಅರ್ಧ ನಿಮಿಷ ವಿಡಿಯೋ ಮಾಡಿ ವಾಟ್ಸಾಪ್ ಮಾಡಲು ಹೇಳಿಕೊಟ್ಟಿದ್ದೇನೆ. ಸುಮಾರು ಸ್ಕೂಟರ್‌ಗಳಲ್ಲಿ ಸದ್ದಿನ ಜೊತೆಗೇ ಹ್ಯಾಂಡಲ್ ಮೇಲಿನ ದೀಪವೂ ಅಷ್ಟೇ ಸಲ ಮಿಣುಕುತ್ತದೆ. ಕಿವಿ ಕೇಳಿಸದವರು ಅದನ್ನು ನೋಡಿ ಎಣಿಸಬಹುದು.

ಎಣಿಸಿದ ಮೇಲೆ ಸ್ಕೂಟರ್ ಜೊತೆ ಬಂದ ಪುಸ್ತಕ ತೆಗೆಯಿರಿ. ಯೂಟ್ಯೂಬ್ ಅಲ್ಲ, ಪುಸ್ತಕ. ಯಾಕೆಂದರೆ ಸಂಖ್ಯೆಗೆ ಎಲ್ಲ ಗಾಡಿಯಲ್ಲೂ ಒಂದೇ ಅರ್ಥ ಇಲ್ಲ. ಒಳಗಿರುವ ಕಂಟ್ರೋಲರ್, ಅಂದರೆ ಮೋಟಾರು, ಬ್ರೇಕನ್ನೆಲ್ಲ ನಡೆಸುವ ಎಲೆಕ್ಟ್ರಾನಿಕ್ ಡಬ್ಬಿ, ಯಾವ ಕಂಪನಿಯದು ಅನ್ನುವುದರ ಮೇಲೆ ಅದು ನಿಂತಿದೆ. ಪಿಜಿ ಡ್ರೈವ್ಸ್ ಕಂಪನಿಯ ಎಸ್-ಡ್ರೈವ್ ಕಂಟ್ರೋಲರ್ ಇದ್ದರೆ ಸಾಮಾನ್ಯವಾಗಿ 7 ಅಂದರೆ ಆಕ್ಸಿಲರೇಟರ್ ಲಿವರ್ ತಕರಾರು, 6 ಅಂದರೆ ಚಾರ್ಜರ್ ಇನ್ನೂ ಚುಚ್ಚಿಕೊಂಡೇ ಇದೆ. ಡೈನಾಮಿಕ್ ಕಂಪನಿಯ ರೈನೋ ಕಂಟ್ರೋಲರ್ ಇದ್ದರೆ, ಲಿವರ್ ಒತ್ತಿಕೊಂಡಿರುವಾಗ ಆನ್ ಮಾಡಿದರೆ ಬರುವುದು 6. ಬ್ರೇಕ್ ತೊಂದರೆಗೆ ಮೊದಲನೆಯದರಲ್ಲಿ 9, ಎರಡನೆಯದರಲ್ಲಿ 5. ಎರಡರಲ್ಲೂ ಒಂದೇ ಆಗಿರುವುದು 1, ಚಾರ್ಜ್ ಕಡಿಮೆಯಾಗಿದೆ ಅಂತ. ಪುಸ್ತಕ ಕಳೆದಿದ್ದರೆ ಸೀಟಿನ ಕೆಳಗೆ ಅಂಟಿಸಿರುವ ಚೀಟಿಯಲ್ಲಿ ಮಾಡೆಲ್ ಹೆಸರು ನೋಡಿ, ಕಂಪನಿಯ ವೆಬ್‌ಸೈಟಲ್ಲಿ ಹುಡುಕಿ.

ಕೆಲವು ಸದ್ದು ದೂರೇ ಅಲ್ಲ. ರಿವರ್ಸ್ ಹೋಗುವಾಗ ಬರುವುದು ಹಿಂದಿರುವವರಿಗೆ ಎಚ್ಚರಿಕೆ. ಆನ್ ಮಾಡಿದಾಗ ಒಂದೇ ಸಲ ಪೀಂ ಅನ್ನುವುದೂ ಮಾಮೂಲು. ಲಿವರ್ ಬಿಟ್ಟ ತಕ್ಷಣ ಹಿಂದುಗಡೆ ಟಕ್ ಅನ್ನುವುದು ಬ್ರೇಕ್ ಹಿಡಿದುಕೊಂಡ ಸದ್ದು, ಅದು ಬಾರದಿದ್ದರೆ ಯೋಚಿಸಬೇಕು.

ದಡ್ಡ ಕಾರಣಗಳು ಮೊದಲು

ಪುಸ್ತಕ ಏನೇ ಹೇಳಲಿ, ಸ್ಪ್ಯಾನರ್ ಹಿಡಿಯುವ ಮೊದಲು ಮೂರು ಜಾಗ ನೋಡಿ. ನಮ್ಮ ಮನೆಯಲ್ಲಿ ಬಂದ ತೊಂದರೆಗಳಲ್ಲಿ ಮುಕ್ಕಾಲು ಪಾಲು ಇಲ್ಲೇ ಮುಗಿದಿವೆ.

ಚಾರ್ಜರ್ ಪಿನ್ ಸ್ಕೂಟರಲ್ಲೇ ಇದೆಯಾ? ಗೋಡೆಯ ಸ್ವಿಚ್ ಆಫ್ ಮಾಡಿದರೆ ಸಾಲದು, ಪಿನ್ ಕಿತ್ತರೆ ಮಾತ್ರ ಗಾಡಿ ಕದಲುತ್ತದೆ.

ಎರಡನೆಯದು ಆಕ್ಸಿಲರೇಟರ್ ಲಿವರ್. ಕೀ ಆನ್ ಮಾಡುವಾಗ ಅದು ಒಂದು ಚೂರು ಒತ್ತಿಕೊಂಡಿದ್ದರೂ ಕಂಟ್ರೋಲರ್ ಒಪ್ಪುವುದಿಲ್ಲ. ಆನ್ ಮಾಡಿದ ತಕ್ಷಣ ಗಾಡಿ ಮುಂದಕ್ಕೆ ಹಾರಬಾರದಲ್ಲ, ಅದಕ್ಕೆ. ಒಂದು ಬೆಳಿಗ್ಗೆ ಅಪ್ಪ ಆಂದೋಲನ ಸರ್ಕಲ್ ಹತ್ತಿರ ಬಾಳೆಹಣ್ಣು ತೆಗೆದುಕೊಂಡು ಬಟ್ಟೆಚೀಲವನ್ನು ಹ್ಯಾಂಡಲ್‌ಗೆ ನೇತುಹಾಕಿದ್ದಾರೆ. ಆಮೇಲೆ ಕೀ ಹಾಕಿದರೆ ಬರೀ ಕೀಂ ಕೀಂ. ಹಣ್ಣಿನವನು, ಆಟೋದವರು, ಹಾಲು ತರಲು ಬಂದವರು ಎಲ್ಲ ಸೇರಿ ಸಲಹೆ ಕೊಟ್ಟಿದ್ದಾರೆ. ನಾನು ಹೋಗಿ ನೋಡಿದರೆ ಚೀಲದ ಹಿಡಿ ಲಿವರ್ ಮೇಲೆ ಬಿಗಿದು ಕೂತಿದೆ, ಎರಡು ಕೆಜಿ ಹಣ್ಣಿನ ಭಾರ ಪೂರ್ತಿ ಅದರ ಮೇಲೆ. ಚೀಲ ತೆಗೆದು, ಕೀ ಆಫ್ ಮಾಡಿ, ಮತ್ತೆ ಆನ್ ಮಾಡಿದೆ. ಸರಿಹೋಯಿತು. ಲಿವರ್ ಬಿಟ್ಟರಷ್ಟೇ ಸಾಲದು, ಆಫ್ ಮಾಡಿ ಆನ್ ಮಾಡಲೇಬೇಕು, ಇಲ್ಲದಿದ್ದರೆ ಅದು ಹಟ ಬಿಡುವುದಿಲ್ಲ. ಚೀಲ ಏನೂ ಇಲ್ಲದೆಯೂ ಹೀಗಾದರೆ, ಲಿವರ್ ಬಿಟ್ಟಾಗ ಪೂರ್ತಿ ಮಧ್ಯಕ್ಕೆ ಬಂದು ನಿಲ್ಲುತ್ತದಾ ನೋಡಿ. ಸಂದಿಯಲ್ಲಿ ಧೂಳು ಕೂತರೂ ಸಿಕ್ಕಿಕೊಳ್ಳುತ್ತದೆ.

ಮೂರನೆಯದು ಹಿಂದಿನ ಚಕ್ರದ ಹತ್ತಿರ ಇರುವ ಫ್ರೀವೀಲ್ ಲಿವರ್, ಅಂದರೆ ಗಾಡಿಯನ್ನು ಕೈಯಲ್ಲಿ ತಳ್ಳಲು ನ್ಯೂಟ್ರಲ್ ಮಾಡುವ ಪಿಡಿ. ಮನೆ ಗುಡಿಸುವಾಗ ಯಾರಾದರೂ ಅದನ್ನು ಎತ್ತಿ ಗಾಡಿ ಸರಿಸಿರುತ್ತಾರೆ, ವಾಪಸ್ ಹಾಕಲು ಮರೆತಿರುತ್ತಾರೆ. ನಮ್ಮ ಗಾಡಿಗೆ ಮೊದಲ ಸಲ ಹೀಗಾದಾಗ ಮೆಕ್ಯಾನಿಕ್ ಒಬ್ಬರು ಬಂದು, ಗಂಭೀರವಾಗಿ ಸೀಟು ಬಿಚ್ಚಿ, ಕೊನೆಗೆ ಆ ಪಿಡಿಯನ್ನು ಕಾಲಲ್ಲಿ ಕೆಳಗೆ ತಳ್ಳಿ ಆರುನೂರು ರೂಪಾಯಿ ತೆಗೆದುಕೊಂಡು ಹೋದರು. ಕಲಿತ ಪಾಠದ ಫೀಸು ಅಂದುಕೊಂಡೆ. ಒಂದು ಮಾತು, ಇಳಿಜಾರಿನಲ್ಲಿ ಆ ಪಿಡಿ ಮುಟ್ಟಲೇಬೇಡಿ. ಈ ಸ್ಕೂಟರ್‌ಗಳ ಬ್ರೇಕ್ ಕರೆಂಟ್ ಇಲ್ಲದಾಗ ತಾನೇ ಹಿಡಿದುಕೊಳ್ಳುವಂಥದ್ದು. ನ್ಯೂಟ್ರಲ್ ಮಾಡಿದಿರೋ, ಆ ಬ್ರೇಕ್ ಬಿಟ್ಟುಹೋಗುತ್ತದೆ, ಗಾಡಿ ಉರುಳುತ್ತದೆ.

ಚಾರ್ಜ್ ಕಡಿಮೆ ಅಂತ ಕೂಗಿದರೆ

ಆನ್ ಮಾಡಿದಾಗಿನ ಪೀಂ ಅಲ್ಲದೆ, ಬಿಡುವು ಕೊಟ್ಟು ಕೊಟ್ಟು ಒಂದೊಂದೇ ಕೂಗು ಬರುತ್ತಿದ್ದರೆ ಚಾರ್ಜ್ ಮಾಡಿ, ಸರಿ. ರಾತ್ರಿಯೆಲ್ಲ ಚಾರ್ಜ್ ಮಾಡಿದ್ದೇವೆ, ಆದರೂ ಕೂಗುತ್ತಿದೆ ಅಂತೀರಾ? ನಿಜವಾಗಿ ರಾತ್ರಿಯೆಲ್ಲ ಆಗಿದೆಯಾ ಅಂತ ಮನೆಯವರನ್ನು ಕೇಳಿ. ನಮ್ಮಮ್ಮ ಮಲಗುವ ಮುಂಚೆ ಗ್ಯಾಸ್ ಆಫ್ ಮಾಡಿ, ಬಾಗಿಲು ಚಿಲಕ ನೋಡಿ, ಆಮೇಲೆ ವರಾಂಡದ ಎಲ್ಲ ಸ್ವಿಚ್ ಆಫ್ ಮಾಡುತ್ತಾರೆ. "ಸುಮ್ನೆ ಕರೆಂಟ್ ಯಾಕೆ ಉರೀಬೇಕು" ಅಂತ. ತಿಂಗಳುಗಟ್ಟಲೆ ಆ ಬ್ಯಾಟರಿಗೆ ಸಿಗುತ್ತಿದ್ದದ್ದು ದಿನಕ್ಕೆ ಎರಡು ಗಂಟೆ. ಲೆಡ್ ಆಸಿಡ್ ಬ್ಯಾಟರಿ ಚೆನ್ನಾಗಿ ಇಳಿದಿದ್ದರೆ ತುಂಬಲು ಎಂಟರಿಂದ ಹನ್ನೆರಡು ಗಂಟೆ ಬೇಕು. ಅರ್ಧಂಬರ್ಧ ಚಾರ್ಜಲ್ಲೇ ದಿನ ದೂಡಿದರೆ ಅದು ಒಳಗೊಳಗೇ ಸಾಯುತ್ತದೆ. ಚಾರ್ಜರ್ ದೀಪ ಹಸಿರಾಗುವ ತನಕ ಬಿಡಬೇಕು. ಈಗ ಆ ಸ್ವಿಚ್ ಮೇಲೆ ಟೇಪ್ ಹಾಕಿದ್ದೇನೆ.

ಹೊರದೇಶದಿಂದ ಬಂದ ಗಾಡಿಯಾದರೆ ಚಾರ್ಜರ್ ಹಿಂದೆ ಬರೆದಿರುವುದನ್ನು ಓದಿ. ಇನ್‌ಪುಟ್ 100-240 ವೋಲ್ಟ್ ಅಂತ ಇದ್ದರೆ ಚಿಂತೆ ಇಲ್ಲ. ಬರೀ 110 ಅಂತ ಇದ್ದರೆ ನಮ್ಮ 230ಕ್ಕೆ ಚುಚ್ಚಿದ ಕೂಡಲೇ ಹೊಗೆ ಬರುತ್ತದೆ. ಕೆಲವು ಚಾರ್ಜರಲ್ಲಿ 110, 230 ಅಂತ ಪುಟ್ಟ ಸ್ವಿಚ್ ಇರುತ್ತದೆ, ಅದು ಸರಿಯಾದ ಕಡೆಗಿರಬೇಕು. ಪಿನ್ ಹೊಂದಲಿ ಅಂತ ಹಾಕುವ ಅಗ್ಗದ ಕನ್ವರ್ಟರ್ ಸಡಿಲವಾದರೂ ಚಾರ್ಜ್ ನಡುರಾತ್ರಿ ನಿಂತಿರುತ್ತದೆ.

ಇಷ್ಟಾದರೂ ಕೂಗಿದರೆ ವೋಲ್ಟ್ ಅಳೆಯುವ ಒಂದು ಮಲ್ಟಿಮೀಟರ್ ತನ್ನಿ. ಬಹಳಷ್ಟು ಸ್ಕೂಟರಲ್ಲಿ 12 ವೋಲ್ಟಿನ ಎರಡು ಬ್ಯಾಟರಿ ಸಾಲಾಗಿ ಸೇರಿ 24 ವೋಲ್ಟ್ ಆಗಿರುತ್ತದೆ. ಚಾರ್ಜ್ ತುಂಬಿದ ಮೇಲೆ ಪಿನ್ ತೆಗೆದು ಎರಡು ಮೂರು ಗಂಟೆ ಸುಮ್ಮನೆ ಬಿಡಿ. ಕೀ ತೆಗೆಯಿರಿ, ಉಂಗುರ, ವಾಚು, ಬಳೆ ಬಿಚ್ಚಿಡಿ. ಮೀಟರನ್ನು ಡಿಸಿ 20 ವೋಲ್ಟಿಗೆ ಇಟ್ಟು ಒಂದೊಂದೇ ಬ್ಯಾಟರಿ ಅಳೆಯಿರಿ. 12.7, 12.8 ಹತ್ತಿರ ಬಂದರೆ ತುಂಬಿದೆ. 12.2 ಅಂದರೆ ಅರ್ಧ. 12ಕ್ಕಿಂತ ಕೆಳಗಿದ್ದರೆ ಚೆನ್ನಾಗಿಯೇ ಇಳಿದಿದೆ. ಒಂದು 12.7, ಇನ್ನೊಂದು 11.8 ಅಂತ ಬಂದರೆ ಕಳ್ಳ ಯಾರು ಅಂತ ಗೊತ್ತಾಯಿತಲ್ಲ, ಆದರೂ ಎರಡನ್ನೂ ಒಟ್ಟಿಗೇ ಬದಲಿಸಬೇಕು, ಯಾಕೆಂದರೆ ಹೊಸದರ ಜೊತೆ ಹಳೆಯದು ಕೂತರೆ ಹೊಸದನ್ನೂ ಬೇಗ ಕೆಡಿಸುತ್ತದೆ. ಲಿಥಿಯಂ ಬ್ಯಾಟರಿ ಇದ್ದರೆ ಈ ಲೆಕ್ಕ ನಡೆಯುವುದಿಲ್ಲ.

ಮೀಟರ್ ಇಲ್ಲದೆಯೂ ಒಂದು ಪರೀಕ್ಷೆ ಇದೆ. ನಿಂತಾಗ ಚಾರ್ಜ್ ಮುಳ್ಳು ಫುಲ್, ಸಣ್ಣ ಏರು ಹತ್ತಿದ ಕೂಡಲೇ ಕೆಂಪಿಗೆ ಬಿದ್ದು ಕೀಂ, ಸಮತಟ್ಟಿಗೆ ಬಂದರೆ ಮತ್ತೆ ಮೇಲೆ. ಹಾಗಾದರೆ ಬ್ಯಾಟರಿಗೆ ವಯಸ್ಸಾಗಿದೆ. ಎರಡು ಮೂರು ವರ್ಷ ಬಂದಿದ್ದರೆ ಬೈಯಬೇಡಿ. ಹಳೆಯದನ್ನು ಬ್ಯಾಟರಿ ಅಂಗಡಿಗೇ ಕೊಡಿ, ಸೀಸಕ್ಕೆ ಅಷ್ಟಿಷ್ಟು ದುಡ್ಡೂ ಸಿಗುತ್ತದೆ.

ಹಂಪ್ ಹಾರಿದಾಗ ಮಾತ್ರ ಕೂಗಿದರೆ

ಇದು ಬ್ಯಾಟರಿ ಅಲ್ಲ, ಸಡಿಲ ವೈರು. ನಮ್ಮ ರಸ್ತೆಗಳ ಹಂಪುಗಳಿಗೆ ಯಾವ ಕನೆಕ್ಟರೂ ತಡೆಯುವುದಿಲ್ಲ ಬಿಡಿ. ಬ್ಯಾಟರಿ ಪೆಟ್ಟಿಗೆಯನ್ನು ಎತ್ತಿ ತೆಗೆಯುವ ಗಾಡಿಯಾದರೆ, ಅದು ತಳಕ್ಕೆ ಸರಿಯಾಗಿ ಕೂತಿಲ್ಲದಿರಬಹುದು. ಎತ್ತಿ ಮತ್ತೆ ಒತ್ತಿ ಕೂರಿಸಿ. ಟರ್ಮಿನಲ್ ಮೇಲೆ ಬಿಳಿ ಪುಡಿಯೋ ಹಸಿರು ಕಿಲುಬೋ ಕಂಡರೆ ಕೀ ತೆಗೆದು, ವೈರು ಬಿಚ್ಚಿ, ಉಪ್ಪುಕಾಗದದಲ್ಲಿ ಮೆಲ್ಲಗೆ ಉಜ್ಜಿ, ಒಣಬಟ್ಟೆಯಲ್ಲಿ ಒರೆಸಿ, ಬಿಗಿ ಮಾಡಿದ ಮೇಲೆ ತೆಳ್ಳಗೆ ವ್ಯಾಸಲಿನ್ ಹಚ್ಚಿ. ಹ್ಯಾಂಡಲ್ ಮಡಿಸುವ ಕಡೆ ವೈರು ಜಜ್ಜಿದೆಯಾ ಅಂತಲೂ ನೋಡಿ. ಮಡಿಸಿ ಕಾರಿನ ಡಿಕ್ಕಿಗೆ ಹಾಕುವ ಗಾಡಿಗಳಲ್ಲಿ ಆ ಒಂದು ಜಾಗ ಬೇಗ ಸವೆಯುತ್ತದೆ.

ಆಯುಧಪೂಜೆಯ ಮರುದಿನದ ಕೂಗು

ಮೈಸೂರಲ್ಲಿ ಇದನ್ನು ಬೇರೆಯಾಗಿಯೇ ಹೇಳಬೇಕು. ಮೊದಲ ವರ್ಷ ಆಯುಧಪೂಜೆ ದಿನ ನನ್ನ ಬೈಕು, ಕಾರಿನ ಜೊತೆ ಅಪ್ಪನ ಸ್ಕೂಟರ್‌ಗೂ ಪೈಪಲ್ಲಿ ನೀರು ಹೊಡೆದು ಮಿರಮಿರ ಮಿಂಚಿಸಿದೆ. ಹ್ಯಾಂಡಲ್‌ಗೆ ಸೇವಂತಿಗೆ ಹಾರ, ಬಾಳೆಕಂದು, ಚಕ್ರದ ಕೆಳಗೆ ನಿಂಬೆಹಣ್ಣು. ಮರುದಿನ ಜಂಬೂಸವಾರಿ ಟಿವಿಯಲ್ಲಿ ಬರುತ್ತಿದ್ದರೆ ಇದು ವರಾಂಡದಲ್ಲಿ ಒಂದೇ ಸಮ ಕೂಗುತ್ತಿತ್ತು. ಹ್ಯಾಂಡಲ್ ಮೇಲಿನ ಸ್ವಿಚ್ಚುಗಳ ಪೆಟ್ಟಿಗೆಗೂ ಚಾರ್ಜಿಂಗ್ ತೂತಿಗೂ ನೀರು ಇಳಿದಿತ್ತು. ಹೀಗಾದರೆ ಆನ್ ಮಾಡಿ ಮಾಡಿ ನೋಡಬೇಡಿ, ಚಾರ್ಜಿಗಂತೂ ಹಾಕಲೇಬೇಡಿ. ಬ್ಯಾಟರಿ ಕನೆಕ್ಷನ್ ಬಿಡಿಸಿ, ನೆರಳಲ್ಲಿ ಫ್ಯಾನ್ ಕೆಳಗೆ ಎರಡು ದಿನ ಇಡಿ. ನಮ್ಮದು ಮೂರನೇ ದಿನ ತಾನೇ ಸರಿಹೋಯಿತು. ಈಗ ಒದ್ದೆಬಟ್ಟೆಯಲ್ಲಿ ಒರೆಸಿ ಕುಂಕುಮ ಇಡುತ್ತೇವೆ. ಹಾರವನ್ನೂ ಲಿವರಿಗೆ ತಾಗದ ಹಾಗೆ ಸೀಟಿಗೆ ಹಾಕುತ್ತೇವೆ, ಬಾಳೆಹಣ್ಣಿನ ಚೀಲದ ಕಥೆ ಮತ್ತೆ ಬೇಡ ಅಂತ.

ಏರಿನಲ್ಲಿ ಓಡಿಸುತ್ತಾ ಓಡಿಸುತ್ತಾ ಶಕ್ತಿ ಕಡಿಮೆಯಾಗಿ ಕೂಗಿ ನಿಂತರೆ ಮೋಟಾರೋ ಕಂಟ್ರೋಲರೋ ಕಾದಿದೆ. ಆಫ್ ಮಾಡಿ ಹದಿನೈದು ಇಪ್ಪತ್ತು ನಿಮಿಷ ಬಿಡಿ. ಬ್ಯಾಟರಿ ಪೆಟ್ಟಿಗೆಯ ಪಕ್ಕ ಪುಟ್ಟ ಬಟನ್ ಹೊರಗೆ ಚಿಮ್ಮಿದ್ದರೆ ಅದು ಸರ್ಕ್ಯೂಟ್ ಬ್ರೇಕರ್. ಆರಿದ ಮೇಲೆ ಒಳಗೆ ಒತ್ತಿ. ಮತ್ತೆ ಮತ್ತೆ ಚಿಮ್ಮಿದರೆ ಒತ್ತುವುದನ್ನು ನಿಲ್ಲಿಸಿ. ಟೈರಲ್ಲಿ ಗಾಳಿ ಕಡಿಮೆ ಇದ್ದರೂ ಮೋಟಾರಿಗೆ ಭಾರ ಜಾಸ್ತಿ, ಹೆಚ್ಚೆಂದರೆ ಎಷ್ಟು ಗಾಳಿ ಹಾಕಬಹುದು ಅಂತ ಟೈರ್ ಪಕ್ಕದಲ್ಲೇ ಬರೆದಿರುತ್ತದೆ. ಅಪ್ಪ ಒಮ್ಮೆ ಬೆಟ್ಟಕ್ಕೆ ಇದರಲ್ಲೇ ಹೋಗೋಣ ಅಂದರು. ಬೇಡಪ್ಪ, ತಾಯಿ ಚಾಮುಂಡಿ ಕಾರಲ್ಲಿ ಬಂದರೂ ಬೇಜಾರು ಮಾಡಿಕೊಳ್ಳಲ್ಲ ಅಂದೆ.

ಇಳಿಜಾರಲ್ಲಿ ಕೂಗಿದರೆ ಉಲ್ಟಾ ಕಾರಣ. ಇಳಿಯುವಾಗ ಮೋಟಾರು ಡೈನಮೋ ಥರ ಕೆಲಸ ಮಾಡಿ ಬ್ಯಾಟರಿಗೇ ಕರೆಂಟ್ ಕಳಿಸುತ್ತದೆ. ಬೆಳಿಗ್ಗೆ ಬ್ಯಾಟರಿ ತುಂಬಿ ತುಳುಕುತ್ತಿದ್ದರೆ ಅದಕ್ಕೆ ಜಾಗ ಇರುವುದಿಲ್ಲ, ವೋಲ್ಟೇಜ್ ಏರುತ್ತದೆ. ವೇಗದ ತಿರುಪು ಆಮೆ ಗುರುತಿನ ಕಡೆಗೆ ತಿರುಗಿಸಿ ನಿಧಾನವಾಗಿ ಇಳಿಯಿರಿ.

ಇಷ್ಟೆಲ್ಲ ನೋಡಿದ ಮೇಲೂ ಅದೇ ಸಂಖ್ಯೆ ಬರುತ್ತಿದ್ದರೆ, ಅದರಲ್ಲೂ ಪುಸ್ತಕ ಮೋಟಾರ್, ಬ್ರೇಕ್ ಅಥವಾ ಕಂಟ್ರೋಲರ್ ಅಂತ ಹೇಳುತ್ತಿದ್ದರೆ, ಮೆಕ್ಯಾನಿಕ್‌ಗೆ ಬಿಡಿ. ಫೋನಲ್ಲಿ "ಗಾಡಿ ಕೂಗ್ತಿದೆ" ಅನ್ನಬೇಡಿ. ಎಷ್ಟು ಸಲ, ನಿಂತಾಗಲೋ ಓಡುವಾಗಲೋ, ಎರಡು ಬ್ಯಾಟರಿಯ ವೋಲ್ಟ್ ಎಷ್ಟು, ಅಷ್ಟು ಹೇಳಿ, ವಿಡಿಯೋ ಕಳಿಸಿ. ಕಂಟ್ರೋಲರ್ ಡಬ್ಬಿಯನ್ನು ನೀವೇ ಬಿಚ್ಚಬೇಡಿ. ಸುಟ್ಟ ವಾಸನೆ ಬಂದರೆ, ಬ್ಯಾಟರಿ ಉಬ್ಬಿದ್ದರೆ, ಚಾರ್ಜರ್ ಮುಟ್ಟಲಾಗದಷ್ಟು ಬಿಸಿಯಾಗಿದ್ದರೆ ಎಣಿಸುತ್ತಾ ಕೂರಬೇಡಿ. ಗೋಡೆಯ ಮೇನ್ ಆಫ್ ಮಾಡಿ, ಪಿನ್ ಕೀಳಿ, ಸಮತಟ್ಟು ನೆಲವಾದರೆ ಗಾಡಿಯನ್ನು ನ್ಯೂಟ್ರಲ್ ಮಾಡಿ ಮನೆಯಿಂದ ಹೊರಗೆ ತಳ್ಳಿ, ಹೊಗೆ ಕಂಡರೆ ಅದನ್ನೂ ಮಾಡದೆ ಎಲ್ಲರೂ ಆಚೆ ಬನ್ನಿ.