ಲೀಲಾ ಚಿಟ್ನಿಸ್ ಸಿನಿಮಾ ನೋಡೋದಾದ್ರೆ ಎಲ್ಲಿಂದ ಶುರು ಮಾಡಬೇಕು

ಹಳೆ ಹಿಂದಿ ಸಿನಿಮಾ ನೋಡುವವರ ಮುಂದೆ ಲೀಲಾ ಚಿಟ್ನಿಸ್ ಹೆಸರೆತ್ತಿದರೆ ಸಾಕು, "ಓ, ಆ ಅಳೋ ಅಮ್ಮನಾ?" ಅಂತಾರೆ. ಕೇಳಿದಾಗಲೆಲ್ಲ ನನಗೆ ಬೇಜಾರಾಗುತ್ತದೆ. 1909ರಲ್ಲಿ ನಮ್ಮ ಧಾರವಾಡದಲ್ಲಿ ಹುಟ್ಟಿದವರು ಇವರು. ಅಮ್ಮನ ಪಾತ್ರಗಳಿಂದ ಶುರು ಮಾಡಬೇಡಿ, ಸಿನಿಮಾ ಬಂದ ವರ್ಷದ ಸಾಲಿನಲ್ಲೇ ನೋಡಿ.

ಮೊದಲು 'ಕಂಗನ್' (1939) ಅಥವಾ 'ಝೂಲಾ' (1941). ಎರಡೂ ಬಾಂಬೆ ಟಾಕೀಸ್ ಅನ್ನೋ ಸ್ಟುಡಿಯೋದವು. ಅಶೋಕ್ ಕುಮಾರ್ ನಾಯಕ, ಇವರು ನಾಯಕಿ. ಹಳೇ ಪ್ರಿಂಟು, ಸ್ವಲ್ಪ ತಾಳ್ಮೆ ಬೇಕು. ಲಕ್ಸ್ ಸೋಪಿನ ಜಾಹೀರಾತಿನಲ್ಲಿ ಬಂದ ಮೊದಲ ಭಾರತೀಯ ನಟಿಯೂ ಇವರೇ, 1941ರಲ್ಲಿ.

ಆಮೇಲೆ ನೇರ 'ಶಹೀದ್'ಗೆ (1948) ಬನ್ನಿ. ಏಳೇ ವರ್ಷ ಕಳೆದಿದೆ, ಇಲ್ಲಿ ದಿಲೀಪ್ ಕುಮಾರ್‌ಗೆ ತಾಯಿ! ಒಂದು ಹಾಳೆ ತಗೊಂಡು ಹುಟ್ಟಿದ ವರ್ಷ ಬರೆದುಕೊಳ್ಳಿ: ಲೀಲಾ 1909, ಅಶೋಕ್ 1911, ದಿಲೀಪ್ 1922. ಅಶೋಕ್ ಕುಮಾರ್ 1958ರಲ್ಲೂ 'ಹೌರಾ ಬ್ರಿಡ್ಜ್'ನಲ್ಲಿ ಮಧುಬಾಲಾಗೆ ಜೋಡಿ, ಅಶೋಕ್‌ಗಿಂತ ಎರಡೇ ವರ್ಷ ದೊಡ್ಡವರಾದ ಲೀಲಾ ಅಷ್ಟೊತ್ತಿಗೆ ತೆರೆ ಮೇಲೆ ತಾಯಿಯಾಗಿ ಹತ್ತು ವರ್ಷ ಆಗಿತ್ತು. ಅನ್ಯಾಯ ಅಲ್ವಾ?

'ಆವಾರಾ' (1951) ನೋಡುವಾಗ ಅವಸರ ಬೇಡ. ಜಡ್ಜ್ ಗಂಡ ತುಂಬು ಬಸುರಿ ಲೀಲಾರನ್ನು ಮನೆಯಿಂದ ಹೊರಹಾಕುವ ಭಾಗ ಎರಡು ಸಲ ನೋಡಿ. ಮೊದಲ ಸಲ ಸೀತೆಯ ಕಷ್ಟ ಹೇಳುವ ಬೀದಿ ಹಾಡು ನಿಮ್ಮನ್ನು ಅಳಿಸಿಬಿಡುತ್ತದೆ. ಎರಡನೇ ಸಲ ಸೌಂಡ್ ಪೂರ್ತಿ ಬಂದ್ ಮಾಡಿ. ಹಾಡು ಹೋದ ಮೇಲೆ ಉಳಿಯುವುದು ಅವರ ಮುಖ ಒಂದೇ, ಅದೊಂದೇ ಸಾಕಾಗುತ್ತದೆ.

'ಗಂಗಾ ಜಮುನಾ' (1961) ಬಿಡಬೇಡಿ, ಬೇಗ ಸಾಯುವ ಪಾತ್ರವಾದರೂ ಮುಂದಿನ ಕಥೆಗೆಲ್ಲ ಬೇರು ಅಲ್ಲೇ ಇದೆ.

ಕೊನೆಗೆ 'ಗೈಡ್' (1965). ಮಗ ದೇವ್ ಆನಂದ್, ಗಂಡನನ್ನು ಬಿಟ್ಟು ಬಂದ ರೋಜಿಯನ್ನು ಮನೆಗೆ ಕರೆತರುತ್ತಾನೆ, ಊರವರ ಬಾಯಿ ಸುಮ್ನಿರಲ್ಲ, ಮಗನೂ ಪಟ್ಟು ಬಿಡಲ್ಲ, ತಾಯಿ ಮನೆ ಬಿಟ್ಟು ಹೋಗುತ್ತಾಳೆ. ಇಲ್ಲಿ ಮಾತಾಡುವವರನ್ನು ನೋಡಬೇಡಿ, ಕೇಳಿಸಿಕೊಳ್ಳುತ್ತಿರುವ ಲೀಲಾರನ್ನು ನೋಡಿ. ಪೋಷಕ ನಟರ ಕೆಲಸ ಜಾಸ್ತಿ ಇರೋದೇ ಅಲ್ಲಿ.

ಮರಾಠಿ ಓದಲು ಬಂದರೆ ಅವರ ಆತ್ಮಕಥೆ 'ಚಂದೇರಿ ದುನಿಯೇತ' ಹುಡುಕಿ. ಸಿನಿಮಾ ಎಲ್ಲ ನೋಡಿ ಮುಗಿಸಿದ ಮೇಲೆ ಓದಿ, ಮೊದಲೇ ಬೇಡ.