‘ವೇರ್‌ಫೋರ್’ ಎಂಬ ಹಳೆಯ ಇಂಗ್ಲಿಷ್ ಪದವನ್ನು ಓದುವ, ಬಳಸುವ ಬಗೆ

ಕಲಬುರಗಿಯ ಕಾಲೇಜುಗಳಲ್ಲಿ ಇಂಗ್ಲಿಷ್ ಸಾಹಿತ್ಯ ಓದುವವರಿಗೆ, ಇಲ್ಲಿನ ಕಾನೂನು ವಿದ್ಯಾರ್ಥಿಗಳಿಗೆ, ಬೀದರಿನ ಮೆಥೋಡಿಸ್ಟ್ ಕುಟುಂಬಗಳಲ್ಲಿ ಹಳೆಯ ಇಂಗ್ಲಿಷ್ ಬೈಬಲನ್ನು ಇಟ್ಟುಕೊಂಡು ಓದುವವರಿಗೆ ಒಂದಲ್ಲ ಒಂದು ದಿನ ಎದುರಾಗುವ ಪದ ‘ವೇರ್‌ಫೋರ್’. ದಿನಬಳಕೆಯ ಇಂಗ್ಲಿಷಿನಲ್ಲಿ ಇದನ್ನು ಈಗ ಯಾರೂ ಆಡುವುದಿಲ್ಲ. ನಿಘಂಟುಗಳು ಇದರ ಪಕ್ಕದಲ್ಲಿ ‘ಹಳೆಯ ಬಳಕೆ’ ಎಂಬ ಗುರುತನ್ನು ಹಾಕಿಯೇ ಅರ್ಥ ಕೊಡುತ್ತವೆ. ಆದರೂ ನಾಟಕ, ಧರ್ಮಗ್ರಂಥ ಮತ್ತು ನ್ಯಾಯಾಲಯದ ಅರ್ಜಿ ಎಂಬ ಮೂರು ಕಡೆ ಇದು ಇನ್ನೂ ಉಳಿದಿರುವುದರಿಂದ, ಈ ಮೂರರಲ್ಲಿ ಯಾವುದನ್ನಾದರೂ ಓದುವವರು ಇದನ್ನು ಸರಿಯಾಗಿ ತಿಳಿದುಕೊಳ್ಳಲೇಬೇಕು. ಮೊದಲಿಗೆ ಒಂದು ಮಾತನ್ನು ಖಚಿತಪಡಿಸಿಕೊಳ್ಳಬೇಕು: ಪದದ ಮೊದಲ ಭಾಗ ‘ವೇರ್’ ಎಂದಿದ್ದರೂ ಇದರ ಅರ್ಥ ‘ಎಲ್ಲಿ’ ಎಂದಲ್ಲ. ‘ಯಾಕೆ’ ಮತ್ತು ‘ಆದ್ದರಿಂದ’ ಎಂಬುವೇ ಇದರ ಮುಖ್ಯ ಅರ್ಥಗಳು.

ಒಂದೇ ಪದ ಪ್ರಶ್ನೆಯೂ ಆಗಿ ಉತ್ತರದ ಕೊಂಡಿಯೂ ಆಗುವುದು ಹೇಗೆ ಎಂಬುದನ್ನು ಅರಿಯಲು ಪದವನ್ನು ಬಿಡಿಸಿ ನೋಡಬೇಕು. ಹಳೆಯ ಇಂಗ್ಲಿಷಿನಲ್ಲಿ ‘ವೇರ್’, ‘ದೇರ್’, ‘ಹಿಯರ್’ ಎಂಬ ಮೂರು ಮಾತುಗಳಿಗೆ ವಿಭಕ್ತಿಯ ಕೆಲಸ ಮಾಡುವ ಚಿಕ್ಕ ಪದಗಳನ್ನು ಕೊನೆಗೆ ಅಂಟಿಸಿ ಹೊಸ ಪದಗಳನ್ನು ಕಟ್ಟುತ್ತಿದ್ದರು. ಹಾಗೆ ಅಂಟಿದಾಗ ‘ವೇರ್’ ಎಂಬುದು ಸ್ಥಳವನ್ನು ಬಿಟ್ಟು ‘ಯಾವುದು’ ಎಂಬ ಅರ್ಥಕ್ಕೆ ಬರುತ್ತದೆ. ‘ದೇರ್’ ಎಂಬುದು ‘ಅದು’ ಆಗುತ್ತದೆ. ‘ಹಿಯರ್’ ಎಂಬುದು ‘ಇದು’ ಆಗುತ್ತದೆ. ಹೀಗೆ ‘ವೇರ್‌ಇನ್’ ಎಂದರೆ ಯಾವುದರಲ್ಲಿ, ‘ವೇರ್‌ಬೈ’ ಎಂದರೆ ಯಾವುದರಿಂದ, ‘ಹಿಯರ್‌ಬೈ’ ಎಂದರೆ ಇದರ ಮೂಲಕ. ಇದೇ ಕ್ರಮದಲ್ಲಿ ‘ದೇರ್‌ಫೋರ್’ ಎಂದರೆ ಅದಕ್ಕೆ, ‘ವೇರ್‌ಫೋರ್’ ಎಂದರೆ ಯಾವುದಕ್ಕೆ.

ನಮ್ಮ ಭಾಗದವರಿಗೆ ಇದು ಬಹಳ ಹತ್ತಿರದ ಕ್ರಮ. ‘ಎದಕ್ಕ ಬಂದೀ?’ ಎಂದು ಕೇಳುತ್ತೇವೆ, ‘ಅದಕ್ಕ ಬಂದೀನಿ’ ಎಂದು ಹೇಳುತ್ತೇವೆ. ಈ ‘ಎದಕ್ಕ’, ‘ಅದಕ್ಕ’ ಎಂಬ ಜೋಡಿ ಕಟ್ಟಿಕೊಂಡಿರುವ ರೀತಿ ಮತ್ತು ಇಂಗ್ಲಿಷಿನ ‘ವೇರ್‌ಫೋರ್’, ‘ದೇರ್‌ಫೋರ್’ ಕಟ್ಟಿಕೊಂಡಿರುವ ರೀತಿ ಒಂದೇ. ಪಠ್ಯಪುಸ್ತಕದ ಕನ್ನಡದ ‘ಏಕೆ’ ಎಂಬ ಪದಕ್ಕಿಂತ ಮನೆಯಲ್ಲಿ ಆಡುವ ‘ಎದಕ್ಕ’ ಎಂಬ ಪದವೇ ಈ ಇಂಗ್ಲಿಷ್ ಪದದ ಒಳರಚನೆಯನ್ನು ಹೆಚ್ಚು ಸ್ಪಷ್ಟವಾಗಿ ತೋರಿಸುತ್ತದೆ ಎಂಬುದು ನನ್ನ ಅಭಿಪ್ರಾಯ. ತರಗತಿಯಲ್ಲಿ ಈ ಪದವನ್ನು ಕಲಿಸುವವರು ಯಾವ ಸಂಕೋಚವೂ ಇಲ್ಲದೆ ಇದನ್ನೇ ಹೇಳಿ ಕಲಿಸಬಹುದು. ಹಾಗೆ ಕಲಿತ ವಿದ್ಯಾರ್ಥಿ ‘ಎಲ್ಲಿ’ ಎಂಬ ತಪ್ಪಿಗೆ ಮರಳಿ ಹೋಗುವುದಿಲ್ಲ.

ಇನ್ನು ಓದುವಾಗ ಯಾವ ಅರ್ಥವನ್ನು ಹಿಡಿಯಬೇಕು ಎಂಬುದನ್ನು ವಾಕ್ಯದ ಕಟ್ಟಣೆಯೇ ಹೇಳುತ್ತದೆ. ಪದದ ಬೆನ್ನಿಗೇ ಕ್ರಿಯಾಪದವೋ ಸಹಾಯಕ ಕ್ರಿಯಾಪದವೋ ಬಂದು, ಆಮೇಲೆ ಕರ್ತೃ ಬಂದಿದ್ದರೆ ಅದು ಪ್ರಶ್ನೆ. ಆಗ ‘ಯಾಕೆ’ ಎಂದು ಓದಬೇಕು. ಪದದ ನಂತರ ಕರ್ತೃ, ಕ್ರಿಯಾಪದಗಳು ಸಾಮಾನ್ಯ ಕ್ರಮದಲ್ಲಿಯೇ ಇದ್ದು ಹಿಂದೆ ಯಾವುದೋ ವಿಷಯ ಹೇಳಿ ಮುಗಿದಿದ್ದರೆ ‘ಆದ್ದರಿಂದ’ ಎಂದು ಓದಬೇಕು. ಪದಕ್ಕಿಂತ ಮೊದಲು ‘ದಿ’ ಅಥವಾ ‘ಎ’ ಎಂಬ ಉಪಪದ (ಆರ್ಟಿಕಲ್) ಇದ್ದರೆ, ಇಲ್ಲವೇ ಪದಕ್ಕೆ ಬಹುವಚನದ ‘ಸ್’ ಸೇರಿದ್ದರೆ, ಅದು ನಾಮಪದವಾಗಿದೆ ಎಂದು ತಿಳಿದು ‘ಕಾರಣ’ ಎಂದು ಓದಬೇಕು. ಪ್ರಶ್ನಾರ್ಥಕ ಚಿಹ್ನೆಯೊಂದನ್ನೇ ನಂಬಿಕೊಳ್ಳುವುದು ಸಾಲದು, ಏಕೆಂದರೆ ಹಳೆಯ ಮುದ್ರಣಗಳಲ್ಲಿ ಚಿಹ್ನೆಗಳ ಬಳಕೆ ಇಂದಿನಷ್ಟು ಕಟ್ಟುನಿಟ್ಟಾಗಿರಲಿಲ್ಲ.

ಈ ಪದ ಅತಿ ಹೆಚ್ಚು ತಪ್ಪು ತಿಳಿವಳಿಕೆಗೆ ಒಳಗಾಗಿರುವುದು ಷೇಕ್ಸ್‌ಪಿಯರನ ‘ರೋಮಿಯೋ ಅಂಡ್ ಜೂಲಿಯೆಟ್’ ನಾಟಕದ ಎರಡನೆಯ ಅಂಕದ ಎರಡನೆಯ ದೃಶ್ಯದಲ್ಲಿ. ‘ಓ ರೋಮಿಯೋ, ರೋಮಿಯೋ, ವೇರ್‌ಫೋರ್ ಆರ್ಟ್ ದೌ ರೋಮಿಯೋ?’ ಎಂದು ಜೂಲಿಯೆಟ್ ಕೇಳುತ್ತಾಳೆ. ಮೇಲೆ ನಿಂತ ಹುಡುಗಿ ಕತ್ತಲಿನಲ್ಲಿ ಕಣ್ಣಾಡಿಸಿ ‘ರೋಮಿಯೋ, ನೀನು ಎಲ್ಲಿದ್ದೀಯೆ?’ ಎಂದು ಹುಡುಕುತ್ತಿದ್ದಾಳೆ ಎಂದು ಭಾವಿಸುವವರು ಇಂಗ್ಲಿಷ್ ನಾಡಿನಲ್ಲಿಯೂ ಬಹಳ ಮಂದಿ ಇದ್ದಾರೆ. ಆದರೆ ಅವಳು ರೋಮಿಯೋನನ್ನು ಹುಡುಕುತ್ತಿಲ್ಲ; ಅವನು ಕೆಳಗೆ ತೋಟದಲ್ಲಿಯೇ ನಿಂತಿರುವುದು ಅವಳಿಗೆ ಗೊತ್ತೂ ಇಲ್ಲ. ‘ನೀನು ರೋಮಿಯೋ ಆಗಿರುವುದಾದರೂ ಯಾಕೆ?’ ಎಂಬುದು ಅವಳ ಪ್ರಶ್ನೆ. ರೋಮಿಯೋ ಮಾಂಟೆಗ್ಯೂ ಮನೆತನದವನು, ಜೂಲಿಯೆಟ್ ಕ್ಯಾಪ್ಯುಲೆಟ್ ಮನೆತನದವಳು, ಎರಡು ಮನೆತನಗಳ ನಡುವೆ ಹಳೆಯ ಹಗೆ ಇದೆ. ಮುಂದಿನ ಸಾಲಿನಲ್ಲಿಯೇ ಅವಳು, ನಿನ್ನ ತಂದೆಯನ್ನು ಒಲ್ಲೆನೆನ್ನು, ನಿನ್ನ ಹೆಸರನ್ನು ಬಿಟ್ಟುಬಿಡು ಎನ್ನುತ್ತಾಳೆ. ಸ್ವಲ್ಪ ಮುಂದೆ, ಹೆಸರಿನಲ್ಲಿ ಏನಿದೆ, ಗುಲಾಬಿಗೆ ಬೇರೆ ಹೆಸರಿಟ್ಟರೂ ಅದರ ಪರಿಮಳ ಅಷ್ಟೇ ಸಿಹಿಯಾಗಿರುತ್ತದೆ ಎನ್ನುತ್ತಾಳೆ. ಮೊದಲ ಸಾಲನ್ನು ‘ಎಲ್ಲಿ’ ಎಂದು ಓದಿಬಿಟ್ಟರೆ ಹೆಸರಿನ ಬಗೆಗಿನ ಈ ಇಡೀ ಮಾತು ಬುಡವಿಲ್ಲದಂತಾಗುತ್ತದೆ. ‘ಯಾಕೆ’ ಎಂದು ಓದಿದರೆ ಒಂದು ಸಾಲು ಇನ್ನೊಂದನ್ನು ಹುಟ್ಟಿಸುತ್ತಾ ಹೋಗುತ್ತದೆ.

ಈ ಸಾಲನ್ನು ಗಟ್ಟಿಯಾಗಿ ಓದುವವರು ಎರಡು ವಿಷಯಗಳನ್ನು ಗಮನಿಸಬೇಕು. ‘ದೌ’ ಮತ್ತು ಕೊನೆಯ ‘ರೋಮಿಯೋ’ ಎಂಬ ಪದಗಳ ನಡುವೆ ಅಲ್ಪವಿರಾಮ ಇಲ್ಲ, ಏಕೆಂದರೆ ಕೊನೆಯ ‘ರೋಮಿಯೋ’ ಕರೆಯುವ ಹೆಸರಲ್ಲ, ‘ನೀನು ರೋಮಿಯೋ ಆಗಿದ್ದೀಯೆ’ ಎಂಬ ವಾಕ್ಯದ ಭಾಗ. ಆದ್ದರಿಂದ ಒತ್ತು ‘ಆರ್ಟ್’ ಎಂಬ ಪದದ ಮೇಲೆ ಬೀಳದೆ ಆ ಕೊನೆಯ ಹೆಸರಿನ ಮೇಲೆ ಬೀಳಬೇಕು. ಇನ್ನು ‘ದೌ’ ಎಂದರೆ ನೀನು, ‘ಆರ್ಟ್’ ಎಂಬುದು ಅದರ ಜೊತೆ ಬರುವ ಕ್ರಿಯಾರೂಪ. ಇಂದಿನ ಇಂಗ್ಲಿಷ್ ಏಕವಚನದ ‘ನೀನು’ ಎಂಬುದನ್ನು ಕಳೆದುಕೊಂಡು ಎಲ್ಲರಿಗೂ ‘ಯು’ ಎನ್ನುತ್ತದೆ. ಕನ್ನಡದಲ್ಲಿ ‘ನೀನು’, ‘ನೀವು’ ಎರಡೂ ಜೀವಂತವಾಗಿರುವುದರಿಂದ ಇಂಗ್ಲಿಷನ್ನು ಮಾತೃಭಾಷೆಯಾಗಿ ಉಳ್ಳ ಇಂದಿನ ವಿದ್ಯಾರ್ಥಿಗಿಂತ ನಮ್ಮ ವಿದ್ಯಾರ್ಥಿಗೆ ‘ದೌ’ ಎಂಬುದರಲ್ಲಿನ ಆತ್ಮೀಯತೆ ಬೇಗ ಕಿವಿಗೆ ಬೀಳುತ್ತದೆ.

1611ರಲ್ಲಿ ಮುದ್ರಣಗೊಂಡ ಕಿಂಗ್ ಜೇಮ್ಸ್ ಬೈಬಲಿನಲ್ಲಿ ಈ ಪದ ಮತ್ತೆ ಮತ್ತೆ ಬರುತ್ತದೆ, ಮತ್ತು ಒಂದೇ ಸುವಾರ್ತೆಯಲ್ಲಿ ಎರಡೂ ಅರ್ಥಗಳು ಸಿಗುವುದರಿಂದ ಅಭ್ಯಾಸಕ್ಕೆ ಇದಕ್ಕಿಂತ ಒಳ್ಳೆಯ ಪಠ್ಯ ಇನ್ನೊಂದಿಲ್ಲ. ಮತ್ತಾಯನ ಸುವಾರ್ತೆಯ 14ನೆಯ ಅಧ್ಯಾಯದ 31ನೆಯ ವಚನದಲ್ಲಿ ನೀರಿನಲ್ಲಿ ಮುಳುಗುತ್ತಿದ್ದ ಪೇತ್ರನ ಕೈ ಹಿಡಿದು ಯೇಸು ‘ವೇರ್‌ಫೋರ್ ಡಿಡ್ಸ್ಟ್ ದೌ ಡೌಟ್?’ ಎಂದು ಕೇಳುತ್ತಾನೆ. ‘ಡಿಡ್ಸ್ಟ್’ ಎಂಬ ಸಹಾಯಕ ಕ್ರಿಯಾಪದ ‘ದೌ’ ಎಂಬ ಕರ್ತೃವಿಗಿಂತ ಮುಂದೆ ಬಂದಿದೆ. ಆದ್ದರಿಂದ ಇದು ‘ಯಾಕೆ ಸಂಶಯಪಟ್ಟೆ?’ ಎಂಬ ಪ್ರಶ್ನೆ. ಅದೇ ಸುವಾರ್ತೆಯ 7ನೆಯ ಅಧ್ಯಾಯದ 20ನೆಯ ವಚನ ‘ವೇರ್‌ಫೋರ್ ಬೈ ದೇರ್ ಫ್ರೂಟ್ಸ್ ಯೀ ಶಲ್ ನೋ ದೆಮ್’ ಎಂದಿದೆ. ಇಲ್ಲಿ ‘ಯೀ’ ಎಂಬ ಕರ್ತೃವೇ ಮೊದಲು ಬಂದು ‘ಶಲ್’ ಆಮೇಲೆ ಬಂದಿದೆ. ಹಿಂದಿನ ವಚನಗಳಲ್ಲಿ ಒಳ್ಳೆಯ ಮರ, ಕೆಟ್ಟ ಮರಗಳ ವಿಷಯ ಹೇಳಿ ಮುಗಿದಿದೆ. ಆದ್ದರಿಂದ ಇದು ‘ಹೀಗಿರುವುದರಿಂದ ಅವರ ಫಲಗಳಿಂದಲೇ ಅವರನ್ನು ತಿಳಿದುಕೊಳ್ಳುವಿರಿ’ ಎಂಬ ತೀರ್ಮಾನ. ಮನೆಯಲ್ಲಿ ಕನ್ನಡ ಬೈಬಲ್ ಕೂಡ ಇರುವವರು ಎರಡನ್ನೂ ಪಕ್ಕದಲ್ಲಿಟ್ಟುಕೊಂಡು, ಇಂಗ್ಲಿಷಿನಲ್ಲಿ ಈ ಪದ ಸಿಕ್ಕಾಗಲೆಲ್ಲ ಮೊದಲು ತಾವೇ ಅರ್ಥ ನಿರ್ಧರಿಸಿ, ಆಮೇಲೆ ಕನ್ನಡದಲ್ಲಿ ಪರೀಕ್ಷಿಸಿಕೊಂಡರೆ ಪದ ಬೇಗನೆ ಕೈವಶವಾಗುತ್ತದೆ.

ನಾಮಪದದ ಬಳಕೆ ಕಡಿಮೆ. ಷೇಕ್ಸ್‌ಪಿಯರನ ‘ದಿ ಕಾಮಿಡಿ ಆಫ್ ಎರರ್ಸ್’ ನಾಟಕದಲ್ಲಿ ಪ್ರತಿಯೊಂದು ‘ವೈ’ಗೂ ಒಂದು ‘ವೇರ್‌ಫೋರ್’ ಇದೆ ಎಂಬ ಮಾತು ಬರುತ್ತದೆ. ಇಂದಿಗೂ ಇಂಗ್ಲಿಷಿನವರು ‘ದಿ ವೈಸ್ ಅಂಡ್ ವೇರ್‌ಫೋರ್ಸ್’ ಎಂಬ ನುಡಿಗಟ್ಟನ್ನು ಕಾರಣಗಳ ಪೂರ್ಣ ವಿವರ ಎಂಬ ಅರ್ಥದಲ್ಲಿ ಬಳಸುತ್ತಾರೆ.

ನ್ಯಾಯಾಲಯದ ಬಳಕೆಯನ್ನು ಸ್ವಲ್ಪ ವಿವರವಾಗಿಯೇ ನೋಡಬೇಕು, ಏಕೆಂದರೆ ಈ ಪದವನ್ನು ಓದುವುದಷ್ಟೇ ಅಲ್ಲದೆ ಸ್ವತಃ ಬರೆಯಬೇಕಾದ ಸ್ಥಳ ನಮ್ಮಲ್ಲಿ ಇದೊಂದೇ. ತಾಲ್ಲೂಕು, ಜಿಲ್ಲಾ ಮಟ್ಟದ ನ್ಯಾಯಾಲಯಗಳಲ್ಲಿ ಕನ್ನಡದಲ್ಲಿ ದಾವೆ ಹೂಡಬಹುದು. ಆದರೆ ಸಂವಿಧಾನದ 348ನೆಯ ವಿಧಿಯಂತೆ ಹೈಕೋರ್ಟಿನ ಕಲಾಪದ ಭಾಷೆ ಇಂಗ್ಲಿಷ್. ಕಲಬುರಗಿಯಲ್ಲಿ 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾಗಿ 2013ರಲ್ಲಿ ಕಾಯಂ ಆದ ಹೈಕೋರ್ಟ್ ಪೀಠಕ್ಕೆ ಬೀದರ್, ಯಾದಗಿರಿ ಜಿಲ್ಲೆಗಳ ಮೇಲ್ಮನವಿಗಳೂ ಬರುತ್ತವೆ. ಯಾದಗಿರಿ ಜಿಲ್ಲೆಯ ರೈತರೊಬ್ಬರು ಹೊಲದ ಬದುವಿನ ತಕರಾರಿನಲ್ಲಿ ಶಾಶ್ವತ ನಿರ್ಬಂಧಕಾಜ್ಞೆ ಕೇಳಿ ಹೂಡಿದ ಕನ್ನಡ ದಾವೆಯಲ್ಲಿ ‘ಆದಕಾರಣ ಮಾನ್ಯ ನ್ಯಾಯಾಲಯವು’ ಎಂದು ಆರಂಭವಾಗುವ ಪ್ರಾರ್ಥನೆಯ ಭಾಗವಿದ್ದರೆ, ಆ ಪ್ರಕರಣ ಮೇಲ್ಮನವಿಯಾಗಿ ಕಲಬುರಗಿಗೆ ಬಂದಾಗ ಅದೇ ಸ್ಥಾನದಲ್ಲಿ ‘ವೇರ್‌ಫೋರ್, ಇಟ್ ಈಸ್ ಮೋಸ್ಟ್ ಹಂಬ್ಲಿ ಪ್ರೇಯ್ಡ್’ ಎಂಬ ಮಾತು ಬರುತ್ತದೆ. ಕನ್ನಡದ ದಾಖಲೆಯನ್ನು ಇಂಗ್ಲಿಷಿಗೆ ತರುವವರು, ಇಂಗ್ಲಿಷಿನದನ್ನು ಕನ್ನಡಕ್ಕೆ ತರುವವರು ಈ ಎರಡನ್ನು ಒಂದಕ್ಕೊಂದು ಸಮನಾಗಿ ಇಟ್ಟುಕೊಳ್ಳಬಹುದು.

ಬರೆಯುವಾಗ ಈ ಪದದ ಸ್ಥಾನ ನಿಶ್ಚಿತವಾಗಿದೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಏಳನೆಯ ಆದೇಶದಂತೆ ವಾದಪತ್ರದಲ್ಲಿ ದಾವೆಗೆ ಕಾರಣವಾದ ಸಂಗತಿಗಳು, ಅವು ಉಂಟಾದ ಸಮಯ, ನ್ಯಾಯಾಲಯದ ಅಧಿಕಾರವ್ಯಾಪ್ತಿ, ದಾವೆಯ ಮೌಲ್ಯ ಇವೆಲ್ಲ ಇರಬೇಕು. ಕೇಳುವ ಪರಿಹಾರವನ್ನು ನಿರ್ದಿಷ್ಟವಾಗಿ ಹೇಳಬೇಕು. ಸಂಗತಿಗಳೆಲ್ಲ ಮುಗಿದು ಪರಿಹಾರ ಆರಂಭವಾಗುವ ಗಡಿಯಲ್ಲಿ ‘ವೇರ್‌ಫೋರ್’ ನಿಲ್ಲುತ್ತದೆ, ಅದರ ನಂತರ ಒಂದು ಅಲ್ಪವಿರಾಮ ಬರುತ್ತದೆ. ಮೇಲೆ ಹೇಳಿದ ಕಾರಣಗಳಿಗಾಗಿ ಕೆಳಗಿನದನ್ನು ಕೇಳುತ್ತಿದ್ದೇನೆ ಎಂಬುದೇ ಅದರ ತಾತ್ಪರ್ಯವಾದ್ದರಿಂದ, ಈ ಪದದ ಕೆಳಗೆ ಹೊಸ ಸಂಗತಿಯನ್ನು ತುರುಕಬಾರದು; ಮೇಲೆ ಆಧಾರವನ್ನೇ ಹೇಳದ ಪರಿಹಾರವನ್ನು ಕೆಳಗೆ ಕೇಳಲೂಬಾರದು. ‘ವೇರ್‌ಫೋರ್’ ಎಂದ ಮೇಲೆ ಅದೇ ವಾಕ್ಯದಲ್ಲಿ ‘ದೇರ್‌ಫೋರ್’ ಸೇರಿಸಿದರೆ ಪುನರುಕ್ತಿಯಾಗುತ್ತದೆ. ‘ವೇರ್‌ಆಸ್’ ಎಂಬ ಪದದೊಡನೆಯೂ ಇದನ್ನು ಬೆರೆಸಬಾರದು: ಕರಾರುಪತ್ರಗಳ ಆರಂಭದಲ್ಲಿ ಹಿನ್ನೆಲೆ ಹೇಳಲು ಬರುವ ‘ವೇರ್‌ಆಸ್’ ಎಂದರೆ ‘ಹೀಗಿರುವಲ್ಲಿ’, ತೀರ್ಮಾನಕ್ಕೆ ಬರುವ ‘ವೇರ್‌ಫೋರ್’ ಎಂದರೆ ‘ಆದಕಾರಣ’. ಅಂದಹಾಗೆ, ಈ ಪದವನ್ನು ಬಳಸಲೇಬೇಕೆಂದು ಸಂಹಿತೆ ಎಲ್ಲಿಯೂ ಹೇಳುವುದಿಲ್ಲ, ಇದು ವಕೀಲರ ರೂಢಿ ಮಾತ್ರ. ಕಕ್ಷಿದಾರರೂ ಓದುವ ಕಾಗದದಲ್ಲಿ ‘ದೇರ್‌ಫೋರ್’ ಎಂದು ಸರಳವಾಗಿ ಬರೆಯುವ ಕಿರಿಯ ವಕೀಲರನ್ನು ನಾನು ಮೆಚ್ಚುತ್ತೇನೆ. ಆದರೆ ಹಿರಿಯರ ಕಚೇರಿಯಲ್ಲಿ ಕೆಲಸ ಕಲಿಯುವವರು ಅಲ್ಲಿನ ರೂಢಿಯನ್ನು ಅನುಸರಿಸುವುದು ಒಳ್ಳೆಯದು.

ನ್ಯಾಯಾಲಯದ ಹೊರಗೆ ಇದನ್ನು ಬರೆಯುವ ಅವಶ್ಯಕತೆ ಇಲ್ಲ. ಉದ್ಯೋಗದ ಅರ್ಜಿ, ಕಚೇರಿಯ ಪತ್ರ, ಸ್ಪರ್ಧಾತ್ಮಕ ಪರೀಕ್ಷೆಯ ಪ್ರಬಂಧ ಇವುಗಳಲ್ಲಿ ಈ ಪದವನ್ನು ಹಾಕಿದರೆ ಬರವಣಿಗೆ ಘನವಾಗುವುದಿಲ್ಲ, ಕೃತಕವಾಗುತ್ತದೆ. ಸಾಹಿತ್ಯದ ಪರೀಕ್ಷೆಯಲ್ಲಿ ಈ ಪದವಿರುವ ಸಾಲಿನ ಬಗ್ಗೆ ಪ್ರಶ್ನೆ ಬಂದರೆ, ಮೂಲದ ಸಾಲನ್ನು ಹಾಗೆಯೇ ಉದ್ಧರಿಸಿ, ವಿವರಣೆಯಲ್ಲಿ ‘ವೈ’ ಅಥವಾ ‘ದೇರ್‌ಫೋರ್’ ಎಂಬ ಇಂದಿನ ಪದವನ್ನು ಬಳಸಬೇಕು.

ಉಚ್ಚಾರಣೆಯಲ್ಲಿ ಒತ್ತು ಮೊದಲ ಭಾಗವಾದ ‘ವೇರ್’ ಮೇಲೆ ಬೀಳುತ್ತದೆ. ಕಾಗುಣಿತದಲ್ಲಿ ಕೊನೆಯ ‘ಇ’ ಅಕ್ಷರವನ್ನು ಬಿಡಬಾರದು. ಇದರ ಜೊತೆಗಾರ ಪದದಲ್ಲಿ ಈ ಒಂದು ಅಕ್ಷರಕ್ಕೆ ಬಹಳ ಬೆಲೆ ಇದೆ: ಕೊನೆಯಲ್ಲಿ ‘ಇ’ ಇರುವ ‘ದೇರ್‌ಫೋರ್’ ಎಂದರೆ ಆದ್ದರಿಂದ, ‘ಇ’ ಇಲ್ಲದೆ, ಒತ್ತನ್ನು ಎರಡನೆಯ ಭಾಗಕ್ಕೆ ಕೊಟ್ಟು ಹೇಳುವ ‘ದೇರ್‌ಫಾರ್’ ಎಂಬ ಕಾನೂನಿನ ಪದಕ್ಕೆ ‘ಅದರ ಸಲುವಾಗಿ’ ಎಂಬ ಅರ್ಥ. ಹಳೆಯ ಇಂಗ್ಲಿಷ್ ಕ್ರಯಪತ್ರದಲ್ಲಿ ಜಮೀನನ್ನೂ ಅದರ ಸಲುವಾಗಿ ಕೊಟ್ಟ ಹಣವನ್ನೂ ಹೇಳುವ ವಾಕ್ಯದಲ್ಲಿ ಈ ‘ಇ’ ಇಲ್ಲದ ರೂಪ ಕಂಡರೆ, ಅದನ್ನು ಬೆರಳಚ್ಚಿನ ತಪ್ಪೆಂದು ಭಾವಿಸಿ ನಕಲಿನಲ್ಲಿ ತಿದ್ದಬಾರದು; ಇದ್ದಂತೆಯೇ ಬರೆದುಕೊಂಡು, ‘ಅದರ ಸಲುವಾಗಿ’ ಎಂದು ಅನುವಾದಿಸಬೇಕು.